ಅರ್ಜಿದಾರರು ಮತ್ತು ಅವರಂಥ ಇತರರು

ಅಮರನಾಥ ಕರಿ ಕೋಟು ತೊಡುವಾಗ ಕನ್ನಡಿಯ ಕಡೆ ನೋಡುತ್ತಿರಲಿಲ್ಲ. ನೋಡಿದರೆ ಅಲ್ಲಿ ನಿಂತವನು ಥೇಟ್ ವಕೀಲನಂತೆಯೇ ಕಾಣುತ್ತಿದ್ದ; ತೊಂದರೆ ಇದ್ದದ್ದೇ ಅಲ್ಲಿ. ಅಫಜಲಪುರದ ಮೇ ತಿಂಗಳ ಬಿಸಿಲು ಯಾರ ಪದವಿಯನ್ನೂ ವಿಚಾರಿಸುವುದಿಲ್ಲ. ಹೊತ್ತು ಏರುವ ಮೊದಲೇ ಅಂಗಿ ಬೆನ್ನಿಗೆ ಅಂಟಿಕೊಂಡಿತ್ತು. ಆದರೂ ಮನೆಯಿಂದಲೇ ಕೋಟು ತೊಟ್ಟು ಹೊರಡುವುದು ಅವನ ಪದ್ಧತಿ. ವಕೀಲಿ ಮಾಡುವ ಪರವಾನಗಿ, ಅಂದರೆ ಸನದು, ಕೈಯಲ್ಲಿದ್ದವರು ಕೋಟನ್ನು ಹೆಗಲ ಮೇಲೆ ಎಸೆದುಕೊಂಡು ಬರುತ್ತಾರೆ, ಗಾಡಿಯ ಹ್ಯಾಂಡಲಿಗೆ ಸಿಕ್ಕಿಸುತ್ತಾರೆ, ಒಮ್ಮೊಮ್ಮೆ ಚಹಾದ ಅಂಗಡಿಯಲ್ಲಿ ಮರೆತೂ ಹೋಗುತ್ತಾರೆ. ಇಲ್ಲದವನು ಗುಂಡಿ ಹಾಕಿಕೊಂಡೇ ನಡೆಯಬೇಕು. ಹಿಂದಿನ ದಿನ ತಾಯಿ ಸುಂದರಬಾಯಿ ಕೋಟನ್ನು ಹಿತ್ತಲ ತಂತಿಗೆ ಹಾಕಿ, ಜಾಡಿಸಿ, ಮಡಿಸಿ ಇಟ್ಟಿದ್ದಳು. ಎರವಲು ತಂದ ಪಾತ್ರೆಯನ್ನು ತಿರುಗಿ ಕೊಡುವ ಮುಂಚೆ ತೊಳೆದಿಡುವ ಹಾಗೆ ಆ ಕೋಟನ್ನು ಮುಟ್ಟುತ್ತಾಳಲ್ಲ ಎಂದು ಅವನಿಗೆ ಎಷ್ಟೋ ಸಲ ಅನಿಸಿತ್ತು. ಓದದ ಹೆಣ್ಣುಮಗಳು, ವಕೀಲರ ಕೋಟೆಂದರೆ ಭಯಭಕ್ತಿ ಇರುತ್ತದೆ ಎಂದು ಅದಕ್ಕೊಂದು ಅರ್ಥವನ್ನೂ ಹಚ್ಚಿಕೊಂಡಿದ್ದ. ಪಡಸಾಲೆಯಲ್ಲಿ ತಂದೆ ದೌಲತರಾಯರು ಅಂಗೈಯಲ್ಲಿ ತೊಗರಿಕಾಳು ಹಿಡಿದು ಯಾರಿಗೋ ಫೋನಿನಲ್ಲಿ ದರ ಹೇಳುತ್ತಿದ್ದರು. ಮಾರುಕಟ್ಟೆಯಲ್ಲಿ ಅವರದು ಕಾಳಿನ ದಲಾಲಿ ಮಾಡುವ ಅಡತಿ ಅಂಗಡಿ. ಬಂದವರು ಯಾರಾದರೂ ಮಗನ ಸನದು ಬಂತೇನ್ರಿ ಎಂದು ಕೇಳಿದರೆ ಅವರು ಎರಡನೇ ಮಾತಿಗೆ ತೊಗರಿಗೆ ಬರುತ್ತಿದ್ದರು. ಅಪ್ಪನಿಗೆ ಕಾಳು ಬಿಟ್ಟರೆ ಲೋಕವಿಲ್ಲ ಎಂದು ಅಮರನಾಥನಿಗೆ ಒಂದಿಷ್ಟು ತಾತ್ಸಾರ, ಸದ್ಯ ಬಚಾವಾದೆ ಎಂದು ಅದಕ್ಕಿಂತ ಹೆಚ್ಚು ಸಮಾಧಾನ. ಸುಸಲಾ ತಿಂದು ಹೋಗು ಎಂದು ತಾಯಿ ಕೂಗಿದಳು. ಹಸಿವಿಲ್ಲ ಎಂದು ಅವನು ಮೆಟ್ಟು ಹಾಕಿಕೊಂಡ. ಇವತ್ತು ಕಲಬುರಗಿಯಿಂದ ಹೈಕೋರ್ಟಿನ ಆದೇಶದ ನಕಲು ಬರುವುದಿತ್ತು.

ಕೋಟು ಅವನ ಮೈಮೇಲೆ ಬಂದದ್ದು ಬಸವ ಜಯಂತಿಯ ವೇದಿಕೆಯಲ್ಲಿ. ಆ ವರ್ಷ ಓದು ಮುಗಿಸಿದ ಸಮಾಜದ ಮಕ್ಕಳಿಗೆ ಸನ್ಮಾನ ಮಾಡುವುದು ಕಮಿಟಿಯ ರೂಢಿ. ಫಲಿತಾಂಶಕ್ಕೆ ಕಾಯುವುದು ಮಾತ್ರ ಕಮಿಟಿಯ ರೂಢಿಯಲ್ಲ; ವಿಶ್ವವಿದ್ಯಾಲಯದ ಸಲುವಾಗಿ ಜಯಂತಿಯನ್ನು ಮುಂದೆ ಹಾಕಲಿಕ್ಕಾಗುತ್ತದೆಯೇ? ಪರೀಕ್ಷೆ ಬರೆದವನೆಂದರೆ ಪಾಸಾದವನೇ ಎಂದು ತಿಳಿದು ಹೆಸರು ಹಚ್ಚಿಬಿಡುತ್ತಿದ್ದರು. ಶಿಕ್ಷಕರಾದವರಿಗೆ ಪೆನ್ನು, ಇಂಜಿನಿಯರಾದವರಿಗೆ ಶಾಲು. ವಕೀಲರಾದವರಿಗೆ ಮಾತ್ರ ಕೋಟನ್ನೇ ತೊಡಿಸಬೇಕೆಂದು, ಬಟ್ಟೆ ಅಂಗಡಿಯ ಮಾಲೀಕರೇ ಆಗಿದ್ದ ಅಧ್ಯಕ್ಷರು ತೀರ್ಮಾನಿಸಿದ್ದರು. ಅಧ್ಯಕ್ಷರು ಒಂದು ತೋಳು ಹಿಡಿದರು, ಸ್ವಾಮಿಗಳು ಇನ್ನೊಂದು ಹಿಡಿದರು, ಮೊಣಕೈ ಹತ್ತಿರ ಕೋಟು ಸಿಕ್ಕಿಬಿತ್ತು, ಅದು ಇಳಿಯುವ ತನಕ ಇಡೀ ಸಭೆ ಚಪ್ಪಾಳೆ ತಟ್ಟಿತು. ಬಸ್ ಸ್ಟ್ಯಾಂಡಿನ ಎದುರು ಗೆಳೆಯರು ನಿಲ್ಲಿಸಿದ್ದ ಬ್ಯಾನರಿನಲ್ಲಿ ಅವನು ಕೈಕಟ್ಟಿ ನಿಂತು ನ್ಯಾಯದ ಕಡೆ ನೋಡುತ್ತಿದ್ದ. ಬ್ಯಾನರು ಇನ್ನೂ ಕಟ್ಟಿದಲ್ಲೇ ಇದ್ದಾಗ ಫಲಿತಾಂಶ ಬಂತು. ಎಲ್ಲ ವಿಷಯಗಳಲ್ಲೂ ಪಾಸು, ಒಂದರಲ್ಲಿ ನಪಾಸು. ಆ ಒಂದು ಯಾವುದೆಂದರೆ ವೃತ್ತಿ ನೀತಿ. ವಕೀಲನಾದವನು ಸುಳ್ಳು ಹೇಳಬಾರದು, ಮುಚ್ಚಿಡಬಾರದು ಎಂದು ಅವನು ಹೆಚ್ಚುವರಿ ಹಾಳೆ ಇಸಿದುಕೊಂಡು ಬರೆದು ಬಂದಿದ್ದ ವಿಷಯ. ಬರೆದದ್ದು ಸರಿಯಿತ್ತು, ಇದರಲ್ಲಿ ಅವನಿಗೆ ಎಳ್ಳಷ್ಟೂ ಅನುಮಾನವಿರಲಿಲ್ಲ. ಯಾರೋ ಪುಣ್ಯಾತ್ಮ ಕೊನೆಯ ಹಾಳೆಗಳನ್ನು ತಿರುವದೆಯೇ ಅಂಕ ಹಾಕಿದ್ದಾನೆ. ಮರುಮೌಲ್ಯಮಾಪನಕ್ಕೆ ಅರ್ಜಿ ಹಾಕಿದ. ಎರಡು ತಿಂಗಳಲ್ಲಿ ಬರುತ್ತದೆ, ಬಂದ ಮೇಲೆ ಯಾರಿಗೂ ಹೇಳುವ ಜರೂರೇ ಇಲ್ಲ ಎಂದುಕೊಂಡ. ಎರಡು ತಿಂಗಳು ಎರಡು ವರ್ಷವಾಯಿತು.

ಬಸ್ ಸ್ಟ್ಯಾಂಡು ದಾಟುವಾಗ ಈಗಲೂ ಅವನ ಕಣ್ಣು ಆ ಕಂಬದ ಕಡೆ ಹೋಗುತ್ತದೆ. ಬ್ಯಾನರು ಹರಿದು ಯಾವುದೋ ಹೊಟೇಲಿನವರ ತಗಡಿನ ಮೇಲೆ ಹೊದಿಕೆಯಾಗಿದೆ. ನ್ಯಾಯದ ಕಡೆ ನೋಡುತ್ತಿದ್ದ ಅವನ ಮುಖ ಈಗ ಭಜಿಯ ಹೊಗೆಯ ಕಡೆ ನೋಡುತ್ತದೆ. ಮತ್ತೊಮ್ಮೆ ಪರೀಕ್ಷೆ ಬರೆಯಬಹುದಿತ್ತು. ಆದರೆ ಕೋಟು ತೊಟ್ಟ ಅವನ ಫೋಟೋವನ್ನು ಕಾಲೇಜಿನವರು ನಮ್ಮ ಹೆಮ್ಮೆ ಎಂದು ಬರೆದು ಗೋಡೆಗೆ ಹಾಕಿದ್ದರು, ಅದರ ಕೆಳಗೇ ಹಾಲ್ ಟಿಕೆಟ್ ಕೊಡುವ ಕಿಟಕಿ. ತನ್ನ ಹೆಮ್ಮೆಯ ಕೆಳಗೆ ತಾನೇ ಸಾಲು ಹಚ್ಚಿ ನಿಲ್ಲುವುದು ಹೇಗೆ? ಮೊದಲ ಸಲ ಜ್ವರವೆಂದು ಬಿಟ್ಟ, ಎರಡನೇ ಸಲ ತತ್ವವೆಂದು ಬಿಟ್ಟ. ಮತ್ತೆ ಬರೆದರೆ ಅವರು ಮಾಡಿದ ತಪ್ಪನ್ನು ತಾನೇ ಒಪ್ಪಿಕೊಂಡಂತೆ, ಅಲ್ಲವೇ? ತತ್ವ ಎನ್ನುವುದು ಹೆದರಿದವನಿಗೆ ಎಷ್ಟು ಬೇಗ ಒಗ್ಗುತ್ತದೆ ನೋಡಿ. ಈಗ ಆ ದಾರಿಯೂ ಮುಚ್ಚುತ್ತಾ ಬಂದಿತ್ತು. ಕೋರ್ಸಿಗೆ ಸೇರಿದ ಮೇಲೆ ಇಂತಿಷ್ಟು ವರ್ಷದೊಳಗೆ ಮುಗಿಸಬೇಕೆಂದು ವಿಶ್ವವಿದ್ಯಾಲಯದ ನಿಯಮ. ಅವನ ಪಾಲಿನ ಗಡುವು ಬರುವ ಜೂನಿಗೆ ತೀರುತ್ತಿತ್ತು. ಉತ್ತರ ಪತ್ರಿಕೆ ನೋಡಲು ಎರಡು ವರ್ಷ ತೆಗೆದುಕೊಂಡವರು ಗಡುವಿನ ವಿಷಯದಲ್ಲಿ ಒಂದು ದಿನವನ್ನೂ ಬಿಡುವುದಿಲ್ಲ. ಅಷ್ಟರಲ್ಲಿ ಮರುಮೌಲ್ಯಮಾಪನದ ಫಲಿತಾಂಶ ಬಂದರೆ ಬಂತು. ಬರದಿದ್ದರೆ ಪಾಸಾದ ವಿಷಯಗಳೂ ಸೇರಿ ಇಡೀ ಪದವಿ ನೀರಿಗೆ ಹೋಯಿತು, ಮತ್ತೆ ಮೊದಲ ವರ್ಷದ ಹುಡುಗರ ಜೊತೆ ಕೂತು ಕಾನೂನೆಂದರೇನು ಎಂಬಲ್ಲಿಂದ ಶುರು.

ಕಾನೂನೆಂದರೇನು ಎಂದು ಅವನಿಗೆ ಗೊತ್ತಿರಲಿಲ್ಲ ಎನ್ನುವಂತಿಲ್ಲ. ಈ ಒಂದು ವಿಷಯದಲ್ಲಿ ಅಫಜಲಪುರ, ಆಳಂದ, ಜೇವರ್ಗಿ ಮೂರೂ ಕೋರ್ಟುಗಳಲ್ಲಿ ಅವನಷ್ಟು ತಿಳಿದವರು ಇನ್ನೊಬ್ಬರಿರಲಿಲ್ಲ. ಮರುಮೌಲ್ಯಮಾಪನ ತಡವಾದರೆ ಮೊದಲು ಕುಲಸಚಿವರಿಗೆ ಲಿಖಿತ ಮನವಿ ಕೊಟ್ಟು ಸ್ವೀಕೃತಿ ಪಡೆಯಬೇಕು. ಆಮೇಲೆ ಮಾಹಿತಿ ಹಕ್ಕಿನಲ್ಲಿ ಸ್ವಂತ ಉತ್ತರ ಪತ್ರಿಕೆಯ ನಕಲು ಕೇಳಬೇಕು, ಕೊಡುವುದಿಲ್ಲ ಎನ್ನುವಂತಿಲ್ಲ. ಗ್ರಾಹಕರ ಕೋರ್ಟಿಗೆ ಹೋದರೆ ಕೆಲಸವಿಲ್ಲ, ಪರೀಕ್ಷೆ ಬರೆದವನು ಗ್ರಾಹಕನಲ್ಲ ಎಂದು ಹೇಳಿ ಕಳಿಸುತ್ತಾರೆ. ವಕೀಲರಿಂದ ನೋಟಿಸು ಕೊಡಿಸಬೇಕು, ಅದಕ್ಕೂ ಮಿಸುಕದಿದ್ದರೆ ಹೈಕೋರ್ಟಿನ ಕಲಬುರಗಿ ಪೀಠದಲ್ಲಿ ರಿಟ್ ಅರ್ಜಿ: ನಿಮ್ಮ ಕರ್ತವ್ಯ ನೀವು ಮಾಡಿ ಎಂದು ವಿಶ್ವವಿದ್ಯಾಲಯಕ್ಕೆ ಆಜ್ಞೆ. ಇಷ್ಟನ್ನೂ ಅವನು ತನ್ನ ಸಲುವಾಗಿ ಓದಿಕೊಂಡಿದ್ದ, ಬೇರೆಯವರ ಸಲುವಾಗಿ ಬಳಸುತ್ತಿದ್ದ. ಕಾಲೇಜಿನ ಹುಡುಗರ ಬಾಯಲ್ಲಿ ಸುದ್ದಿ ಹರಡಿ, ಮರುಮೌಲ್ಯಮಾಪನದಲ್ಲಿ ಸಿಕ್ಕಿಬಿದ್ದವರೆಲ್ಲ ಅಮರನಾಥ ಸರ್ ಅವರನ್ನು ಹುಡುಕಿಕೊಂಡು ಬರತೊಡಗಿದರು. ಅವನು ಗಂಭೀರವಾಗಿ ಕೇಳುತ್ತಿದ್ದ, ಕನ್ನಡಕ ಏರಿಸುತ್ತಿದ್ದ, ನಾಚಿಕೆ ಯಾಕೆ, ತಪ್ಪು ನಿಮ್ಮದಲ್ಲ ಎಂದು ಬೆನ್ನು ತಟ್ಟುತ್ತಿದ್ದ. ಹಾಗೆ ಹೇಳುವಾಗ ಅವನಿಗೆ ತನ್ನ ಮಾತಿನ ಮೇಲೆ ಪೂರಾ ನಂಬಿಕೆ ಇರುತ್ತಿತ್ತು. ಅವರು ಎದ್ದು ಹೋದ ಮೇಲೆ ಕಿವಿ ಬಿಸಿಯಾಗುತ್ತಿತ್ತು.

ಮಣ್ಣೂರಿನ ಭುವನೇಶ್ವರಿ ಬಂದದ್ದು ಹಾಗೆಯೇ. ಅವನ ಕಾಲೇಜಿನವಳೇ, ಅವನ ನಂತರದ ತಂಡದವಳು. ಅವಳದೂ ಒಂದು ವಿಷಯ ಹೋಗಿತ್ತು, ಮರುಮೌಲ್ಯಮಾಪನ ಬಂದಿರಲಿಲ್ಲ. ಸನದು ಬರುವ ತನಕ ಎಂದು ಹವಳಗಾದ ಕಡೆ ಕಬ್ಬಿನ ಗಾಡಿಗಳ ತೂಕದ ಚೀಟಿ ಬರೆಯುವ ಕೆಲಸಕ್ಕೆ ಹೋಗುತ್ತಿದ್ದಳು. ಮೊದಲ ಸಲ ಅವಳನ್ನು ಕಂಡದ್ದು ಬಸ್ಸಿನಲ್ಲಿ. ಕಂಡಕ್ಟರು ಏನವ್ವ, ವಕೀಲಿ ಎಲ್ಲಿಗೆ ಬಂತು ಎಂದು ಕೇಳಿದರೆ ಇವಳು ಬಸ್ಸಿಗೆಲ್ಲ ಕೇಳುವಂತೆ, ಫೇಲ್ ಮಾಡ್ಯಾರ್ರಿ, ಪೇಪರ್ ಸರಿಯಾಗಿ ನೋಡಿಲ್ಲ, ಕೇಸ್ ಹಾಕಾಕತ್ತೇನಿ ಎಂದಿದ್ದಳು. ಕಂಡಕ್ಟರು ಹಾಕವ್ವ, ಬಿಡಬ್ಯಾಡ ಎಂದು ಮುಂದಿನ ಸೀಟಿಗೆ ಹೋದ. ಅಷ್ಟೇ. ಯಾರೂ ನಗಲಿಲ್ಲ, ಬಸ್ಸು ನಿಲ್ಲಲಿಲ್ಲ. ಹಿಂದಿನ ಸೀಟಿನಲ್ಲಿ ಕೋಟು ತೊಟ್ಟು ಕೂತಿದ್ದ ಅಮರನಾಥನಿಗೆ ಮಾತ್ರ ತನ್ನ ಬಟ್ಟೆ ಬಿಚ್ಚಿದಂತಾಯಿತು, ಅವನು ಕಿಟಕಿಯ ಹೊರಗೆ ನೋಡಿದ. ಹೊರಗೆ ಕೊಯ್ದ ಹೊಲಗಳು ಬಿಟ್ಟರೆ ನೋಡುವಂಥದ್ದೇನೂ ಇರಲಿಲ್ಲ. ಮಾನಗೇಡಿ ಹುಡುಗಿ ಎಂದುಕೊಂಡ, ಆಮೇಲೆ ಅವಳ ಮೇಲೆ ಹೊಟ್ಟೆಕಿಚ್ಚಾಯಿತು. ಆ ಹೊಟ್ಟೆಕಿಚ್ಚು ಇನ್ನೂ ಹೋಗಿರಲಿಲ್ಲ.

ಕೋರ್ಟಿನ ಬೇವಿನ ಮರದ ಕೆಳಗೆ ಬಾಂಡ್ ರೈಟರ್ ಚಾಂದಪಾಶಾ ಮೇಜು ಹಾಕಿಕೊಂಡು ಕೂತಿದ್ದ. ದಿನವೂ ಅವನ ಮುಂದೆ ಹಾದೇ ಹೋಗಬೇಕು. ವಕೀಲ್ರ, ಬರ್ರಿ, ಇವತ್ತ ಯಾರ್ನ ಬಿಡಸಾಕತ್ತೀರಿ ಎಂದ. ಆ ವಕೀಲ್ರ ಎನ್ನುವುದನ್ನು ಅವನು ಒಂಚೂರು ಎಳೆಯುತ್ತಾನೆ, ಅದರಲ್ಲಿ ಗೌರವವೆಷ್ಟು ಚೇಷ್ಟೆಯೆಷ್ಟು ಎಂದು ಅಮರನಾಥ ಎರಡು ವರ್ಷದಿಂದ ತೂಗಿ ನೋಡುತ್ತಲೇ ಇದ್ದ. ಪಡಸಾಲೆಯ ತುದಿಯ ಕೋಣೆ ಶರಫುದ್ದೀನ ವಕೀಲರದು. ಅವರು ನೋಟರಿಯೂ ಹೌದು. ಅಮರನಾಥ ಅವರ ಕೈಕೆಳಗೆ ಬರೆಯುವುದು, ಫೈಲು ಹೊರುವುದು ಮಾಡಿಕೊಂಡಿದ್ದ. ಸನದು ಬೆಂಗಳೂರಿನಲ್ಲಿ ಸಹಿಗೆ ನಿಂತಿದೆ ಎಂದು ಅವನು ಮೊದಲ ದಿನ ಹೇಳಿದ್ದ. ಬರ್ತದ ಬಿಡು ಬೇಟಾ ಎಂದು ಅವರು ಎಲೆಯಡಿಕೆ ಬಾಯಿಗೆ ಹಾಕಿಕೊಂಡಿದ್ದರು. ಮತ್ತೆ ಆ ಮಾತು ಎತ್ತಲಿಲ್ಲ. ದೊಡ್ಡ ವಕೀಲರು, ಸಣ್ಣ ಮಾತು ನೆನಪಿಡುವುದಿಲ್ಲ. ಮುಖ್ಯವಾಗಿ ಅವರು ಏನನ್ನೂ ಓದುತ್ತಿರಲಿಲ್ಲ. ಪ್ರಮಾಣ ಪತ್ರ ಹಿಡಿದು ಬಂದವರ ಕಾಗದವನ್ನು ಎಳೆದುಕೊಂಡು, ಖರೇ ಅದ ಏನು ಎಂದು ಕೇಳಿ, ಉತ್ತರ ಬರುವ ಮುಂಚೆ ಸೀಲು ಒತ್ತಿ, ಸಹಿ ಮಾಡಿ, ಮುಂದಿನವನನ್ನು ಕರೆಯುತ್ತಿದ್ದರು. ಸತ್ತವರ ವಾರಸುದಾರರು, ಕಳೆದುಹೋದ ಅಂಕಪಟ್ಟಿ, ಒಬ್ಬನೇ ಮನುಷ್ಯನ ಎರಡು ಹೆಸರು, ಎಲ್ಲವೂ ಅವರ ಕೈಕೆಳಗೆ ಖರೇ ಆಗಿ ಹೊರಗೆ ಬರುತ್ತಿದ್ದವು. ಅಮರನಾಥನಿಗೆ ಆ ಕೋಣೆ ಹಿತವಾಗಿತ್ತು. ಇನ್ನೂ ಒಂದು ಅನುಕೂಲವಿತ್ತು: ಇಷ್ಟು ದಿನದಲ್ಲಿ ಊರಿನವರೊಬ್ಬರೂ ಅವನಿಗೆ ನನ್ನ ಕೇಸು ನಡೆಸು ಎಂದು ಕೇಳಿರಲಿಲ್ಲ. ಮಾತಾಡಿಸುತ್ತಿದ್ದರು, ಚಹಾ ಕುಡಿಸುತ್ತಿದ್ದರು, ಕೇಸನ್ನು ಮಾತ್ರ ಪಕ್ಕದ ಕೋಣೆಗೆ ಒಯ್ಯುತ್ತಿದ್ದರು. ಇದನ್ನು ಅವನು ದೈವಕೃಪೆ ಎಂದು ತಿಳಿದಿದ್ದ.

ಕುರ್ಚಿಯಲ್ಲಿ ಕೂತ, ಎದ್ದ, ಮತ್ತೆ ಕೂತ. ಆದೇಶದಲ್ಲಿ ತಾನು ಸೇರಿಸಿದ್ದ ಆ ಎರಡು ಶಬ್ದಗಳು ಉಳಿದಿವೆಯೋ ಇಲ್ಲವೋ? ಭುವನೇಶ್ವರಿ, ಆಳಂದದ ಕಲ್ಯಾಣಕುಮಾರ, ಜೇವರ್ಗಿಯ ಹಮೀದಾಬೇಗಂ ಹೀಗೆ ಕೆಲವರು ಸೇರಿ ಹಾಕಿದ ರಿಟ್ ಅರ್ಜಿಯನ್ನು ಬರೆದವನು ಅವನೇ. ಕಲಬುರಗಿಯ ವಕೀಲರು ಒಂದು ಅಕ್ಷರ ತಿದ್ದದೆ ಸಹಿ ಹಾಕಿದ್ದರು. ಬರೆಯುವ ರಾತ್ರಿ ಭುವನೇಶ್ವರಿ ಅರ್ಜಿದಾರರ ಹೆಸರುಗಳನ್ನು ಹೇಳಿ ಮುಗಿಸಿ, ಇನ್ನೊಬ್ಬರ್ದು ಹಾಕೂದದ ಏನ್ರಿ ಸರ್, ಜಾಗಾ ಬಿಡ್ರಿ ಎಂದಿದ್ದಳು. ಯಾರದೂ ಇಲ್ಲ ಎಂದು ಅವನು ಅಡಿಗೆರೆ ಎಳೆದ. ಹೆಸರು ಹಾಕಿದರೆ ಪ್ರಮಾಣ ಪತ್ರ ಬೇಕು, ಪ್ರಮಾಣ ಪತ್ರದಲ್ಲಿ ನಾನು ನಪಾಸೆಂದು ಘೋಷಿತನಾಗಿದ್ದೇನೆ ಎಂದು ಬರೆಯಬೇಕು, ಅದನ್ನು ಶರಫುದ್ದೀನರ ಮುಂದೆ ಇಡಬೇಕು. ಆದರೆ ಕೊನೆಯಲ್ಲಿ ಕೋರಿಕೆ ಬರೆಯುವಾಗ ಅವನ ಕೈ ತಾನಾಗಿಯೇ ಒಂದು ಮಾತು ಸೇರಿಸಿಬಿಟ್ಟಿತು: ಅರ್ಜಿದಾರರು ಮತ್ತು ಅವರಂಥ ಇತರರ ಮರುಮೌಲ್ಯಮಾಪನದ ಫಲಿತಾಂಶವನ್ನು ಕೂಡಲೇ ಪ್ರಕಟಿಸುವಂತೆ ಆಜ್ಞಾಪಿಸಬೇಕು. ಅವರಂಥ ಇತರರು. ಎಷ್ಟು ಉದಾರವಾದ, ಎಷ್ಟು ಅಗಲವಾದ ಮಾತು. ಅದರಡಿ ಇಡೀ ಕಲ್ಯಾಣ ಕರ್ನಾಟಕದ ವಿದ್ಯಾರ್ಥಿಗಳು ನೆರಳಿಗೆ ಬರಬಹುದಿತ್ತು. ಹಮೀದಾಬೇಗಂ ಓದಿ, ಸರ್ ಎಲ್ಲಾರ್ದೂ ವಿಚಾರ ಮಾಡ್ತಾರ ಎಂದು ಕಣ್ಣು ತುಂಬಿಕೊಂಡಳು.

ವಿಚಾರಣೆಯ ದಿನ ಅವನೂ ಕಲಬುರಗಿಗೆ ಹೋಗಿ ಹಿಂದಿನ ಬೆಂಚಿನಲ್ಲಿ ಕೂತಿದ್ದ. ನ್ಯಾಯಮೂರ್ತಿಗಳು ಅರ್ಜಿ ತಿರುವಿ, ವಿಶ್ವವಿದ್ಯಾಲಯದ ವಕೀಲರನ್ನು ಚೆನ್ನಾಗಿಯೇ ತರಾಟೆಗೆ ತೆಗೆದುಕೊಂಡರು. ಅವನ ಎದೆ ಉಬ್ಬಿತು. ಅಷ್ಟರಲ್ಲಿ ಅವರು ಕೊನೆಯ ಪುಟದಲ್ಲಿ ನಿಂತು, ಈ ಇತರರು ಯಾರು ಎಂದು ಕೇಳಿದರು. ಅವರ ದನಿಯಲ್ಲಿ ಸಿಟ್ಟಿರಲಿಲ್ಲ, ನಿಜವಾಗಿಯೂ ತಿಳಿದುಕೊಳ್ಳಬೇಕೆಂದೇ ಕೇಳಿದ್ದರು. ಒಬ್ಬರ ಹೆಸರಾದರೂ ಹೇಳಿ, ಸೇರಿಸೋಣ ಎಂದರು. ಕಲಬುರಗಿಯ ವಕೀಲರು ಹಿಂದಕ್ಕೆ ತಿರುಗಿ ಅರ್ಜಿ ಬರೆದವನ ಮುಖ ನೋಡಿದರು. ಅಮರನಾಥನಿಗೆ ತನ್ನ ಹೆಸರು ಬಾಯಿಯ ತನಕ ಬಂದದ್ದು ಗೊತ್ತಾಯಿತು, ವಾಂತಿ ಬರುವಾಗ ಗೊತ್ತಾಗುವ ಹಾಗೆ. ಅವನು ತಲೆ ಅಲ್ಲಾಡಿಸಿದ. ಯಾರೂ ಇಲ್ಲ ಸರ್ ಎಂದು ವಕೀಲರು ನ್ಯಾಯಪೀಠಕ್ಕೆ ಹೇಳಿದರು. ಆಮೇಲೆ ನ್ಯಾಯಮೂರ್ತಿಗಳು ಆದೇಶ ಹೇಳಿ ಬರೆಸುವಾಗ ಅವನು ಹೊರಗೆ ನಲ್ಲಿಯ ಹತ್ತಿರ ಮುಖ ತೊಳೆಯುತ್ತಿದ್ದ. ಗೆದ್ದೆವು ಎಂದು ಹುಡುಗರು ಹೊರಬಂದರು. ಆ ಮಾತು ಉಳಿಯಿತೇ ಎಂದು ಯಾರನ್ನು ಕೇಳುವುದು, ಯಾವ ಮುಖ ಇಟ್ಟುಕೊಂಡು ಕೇಳುವುದು?

ಊಟದ ಹೊತ್ತಿಗೆ ಮುಂಚೆ ಅರ್ಜಿದಾರರೆಲ್ಲ ಆದೇಶದ ನಕಲು ಹಿಡಿದು ಬಂದರು. ಕಲ್ಯಾಣಕುಮಾರ ಪೇಡೆ ತಂದಿದ್ದ, ಹಮೀದಾಬೇಗಂ ಶಾಲು ತಂದಿದ್ದಳು. ಶರಫುದ್ದೀನ ವಕೀಲರು ಎದ್ದು ನಿಂತು, ಅರೆ ವಾಹ್, ಹಾಕ್ರಿ ಹಾಕ್ರಿ ಎಂದರು. ಮೇ ತಿಂಗಳಲ್ಲಿ ಕೋಟಿನ ಮೇಲೆ ಉಣ್ಣೆಯ ಶಾಲು ಬಿತ್ತು. ಪಡಸಾಲೆಯಲ್ಲಿದ್ದವರು ಚಪ್ಪಾಳೆ ತಟ್ಟಿದರು, ಚಾಂದಪಾಶಾ ಮೇಜು ಬಿಟ್ಟು ಬಂದು ಎರಡು ಪೇಡೆ ತಿಂದು ಹೋದ. ಅಮರನಾಥ ಬೆವರು ಒರೆಸಿಕೊಳ್ಳುತ್ತ, ಶಾಲು ಸರಿಸುವ ನೆವದಲ್ಲಿ ಆದೇಶವನ್ನು ಕೈಗೆ ತೆಗೆದುಕೊಂಡು ನೇರ ಕೊನೆಯ ಪುಟಕ್ಕೆ ಹೋದ. ಅರ್ಜಿದಾರರ ಫಲಿತಾಂಶವನ್ನು ನಾಲ್ಕು ವಾರದೊಳಗೆ ಪ್ರಕಟಿಸತಕ್ಕದ್ದು. ಇತರರು ಎಂಬ ಕೋರಿಕೆಯ ಬಗ್ಗೆ, ಅಂಥ ಒಬ್ಬರ ಹೆಸರನ್ನೂ ಹೇಳಲಾಗಿಲ್ಲ; ನ್ಯಾಯಾಲಯದ ಬಾಗಿಲಿಗೆ ಬಾರದವರಿಗೆ ಪರಿಹಾರ ಕೊಡಲು ಬರುವುದಿಲ್ಲ; ಆ ಭಾಗವನ್ನು ತಿರಸ್ಕರಿಸಲಾಗಿದೆ. ಅವನು ಮತ್ತೊಮ್ಮೆ ಓದಿದ. ಎಲ್ಲರೂ ಅವನನ್ನು ನೋಡುತ್ತಿದ್ದರು, ಏನಾದರೂ ಮಾತಾಡಲಿ ಎಂದು. ಸತ್ಯಕ್ಕೆ ಜಯ ಎಂದು ಅವನು ಹೇಳಿದ. ಅದಕ್ಕೂ ಚಪ್ಪಾಳೆ ಬಿತ್ತು.

ಎಲ್ಲರೂ ಹೋದ ಮೇಲೆ ಭುವನೇಶ್ವರಿ ಉಳಿದಳು. ಶರಫುದ್ದೀನರು ಒಳಗೆ ಸೀಲು ಒತ್ತುತ್ತಿದ್ದರು. ಅವಳು ಪಡಸಾಲೆಯ ಕಂಬಕ್ಕೆ ಆನಿಕೊಂಡು ನಿಂತಳು.

"ಸರ್, ನೀವು ತಲಿ ಅಲ್ಲಾಡಿಸಿದಾಗ ನಾ ಗ್ವಾಡಿ ಬಾಜೂಕ ಕುಂತಿದ್ದೆ" ಎಂದಳು. "ಜಡ್ಜ್ ಸಾಹೇಬ್ರು ಸೇರಸ್ತೇನಿ ಅಂದ್ರು. ಅಷ್ಟ ಅಂದ್ರೂ ನೀವು ಹೇಳ್ಲಿಲ್ಲ."

ಏನು ಹೇಳುವುದಿತ್ತು ಎಂದು ಅವನು ಕೇಳಿದ. ದನಿ ವಕೀಲರ ದನಿಯಾಗಿಯೇ ಬಂತು, ಅದಕ್ಕೆ ಅವನಿಗೇ ಆಶ್ಚರ್ಯವಾಯಿತು. ಅವಳು ವಾದ ಮಾಡಲಿಲ್ಲ. ಕಲಬುರಗಿಯ ವಕೀಲರನ್ನು ತಾನು ಕೇಳಿದ್ದಾಗಿಯೂ, ಇದೇ ಅರ್ಜಿಯನ್ನು ಹೆಸರು ಬದಲಿಸಿ ಇನ್ನೊಮ್ಮೆ ಹಾಕಿದರೆ ಈ ಆದೇಶ ತೋರಿಸಿ ಜೂನ್ ಒಳಗೆ ಕೆಲಸ ಆಗುತ್ತದೆಂದು ಅವರು ಹೇಳಿದ್ದಾಗಿಯೂ, ಒಂದು ಪ್ರಮಾಣ ಪತ್ರ ಮಾತ್ರ ಬೇಕೆಂದೂ, ತಾನು ಮೂರು ಗಂಟೆಯ ಬಸ್ಸಿಗೆ ಕಲಬುರಗಿಗೆ ಹೊರಟಿರುವುದಾಗಿಯೂ ಹೇಳಿದಳು. ಯಾರ ಹೆಸರೆಂದು ಅವಳು ಹೇಳಲಿಲ್ಲ, ಅವನೂ ಕೇಳಲಿಲ್ಲ. ಆಮೇಲೆ ಅವಳು ಅವನ ಹೆಗಲ ಮೇಲಿಂದ ಶಾಲನ್ನು ತೆಗೆದು ಮಡಿಚಿ ಬೆಂಚಿನ ಮೇಲಿಟ್ಟು, ಸೆಕಿ ಭಾಳ ಅದರಿ ಸರ್ ಎಂದು ಬಸ್ ಸ್ಟ್ಯಾಂಡಿನ ಕಡೆ ಹೋದಳು. ಅವಳ ಮೇಲೆ ಸಿಟ್ಟು ಬಂತು. ನಾನೇ ಬರೆದುಕೊಟ್ಟ ಅರ್ಜಿಯಿಂದ ಪಾಸಾಗುವ ಹುಡುಗಿ, ನನಗೆ ಬುದ್ಧಿ ಹೇಳುತ್ತಾಳೆ. ಸಿಟ್ಟು ಬಹಳ ಹೊತ್ತು ನಿಲ್ಲಲಿಲ್ಲ. ಅವಳು ನಾಲ್ಕು ವಾರಕ್ಕೆ ವಕೀಲಳಾಗುತ್ತಾಳೆ, ತಾನು ಜೂನಿಗೆ ಏನೂ ಆಗುವುದಿಲ್ಲ. ಕೋಟೊಂದು ಉಳಿಯುತ್ತದೆ. ಅಪ್ಪ ಸತ್ತ ಮೇಲೂ ಅದನ್ನು ತೊಟ್ಟು ಈ ಪಡಸಾಲೆಯಲ್ಲಿ ಬೇರೆಯವರ ಫೈಲು ಹೊರುತ್ತ, ಚಾಂದಪಾಶಾನ ಬಾಯಲ್ಲಿ ವಕೀಲ್ರ ಅನ್ನಿಸಿಕೊಳ್ಳುತ್ತ ತಿರುಗುವ ಮುದುಕನೊಬ್ಬ ಅವನ ಕಣ್ಣಿಗೆ ಕಟ್ಟಿದ. ಆ ಮುದುಕನ ಮೇಲೆ ಅವನಿಗೆ ಅಸಹ್ಯ ಹುಟ್ಟಿತು.

ಅವನು ಒಳಗೆ ಹೋಗಿ ಹಾಳೆ ತೆಗೆದ. ಬರೆಯಲು ಶುರು ಮಾಡಿದ ಮೇಲೆ ಕೈ ನಿಲ್ಲಲಿಲ್ಲ, ಇಂಥವನ್ನು ಎಷ್ಟು ಜನರಿಗೆ ಬರೆದುಕೊಟ್ಟಿಲ್ಲ. ನಪಾಸೆಂದು ಘೋಷಿತನಾಗಿದ್ದೇನೆ ಎಂಬಲ್ಲಿ ಮಾತ್ರ ಪೆನ್ನು ಸ್ವಲ್ಪ ಎಡವಿತು. ಸನದು ಪಡೆಯಲಾಗಿಲ್ಲ ಎಂದೂ ಬರೆದ. ಸಹಿ ಹಾಕಿ, ಸಾಲಿನಲ್ಲಿ ನಿಂತ ಹೊಲದ ತಕರಾರಿನ ಇಬ್ಬರು ರೈತರ ಹಿಂದೆ ತಾನೂ ನಿಂತ. ಅವನ ಸರದಿ ಬಂತು. ಶರಫುದ್ದೀನರು ಕಾಗದ ಎಳೆದುಕೊಂಡರು, ಖರೇ ಅದ ಏನು ಎಂದರು. ಹೌದ್ರಿ ಎನ್ನಲು ಅವನು ಬಾಯಿ ತೆರೆಯುವಷ್ಟರಲ್ಲಿ ಸೀಲು ಬಿತ್ತು, ಸಹಿ ಬಿತ್ತು, ಪೇಡೆ ಛಲೋ ಇದ್ವು ನೋಡು ಎಂದು ಅವರು ಕಾಗದ ತಳ್ಳಿದರು. ಅವನು ಅಲ್ಲೇ ನಿಂತ. ಎರಡು ವರ್ಷ ರಾತ್ರಿ ಹಗಲು ಹೆದರಿಸಿದ್ದು ಇದೇ ಏನು? ನೊಣ ಹೊಡೆದಷ್ಟೂ ಸದ್ದಾಗಲಿಲ್ಲವಲ್ಲ. ಹಗುರವಾಗಬೇಕಿತ್ತು, ಬದಲಿಗೆ ಯಾರೋ ತನ್ನನ್ನು ಲೆಕ್ಕಕ್ಕೇ ಇಟ್ಟುಕೊಳ್ಳದಂತೆ ಅವಮಾನವಾಯಿತು.

ಹೊರಗೆ ಬಂದು ಕಾಗದ ಮಡಿಚುವ ಮುಂಚೆ, ರೂಢಿಯಂತೆ ಒಮ್ಮೆ ಕಣ್ಣಾಡಿಸಿದ. ಮೊದಲ ಸಾಲಿನಲ್ಲೇ ಕಣ್ಣು ನೆಟ್ಟಿತು. ಅಮರನಾಥ ತಂದೆ ದೌಲತರಾಯ, ಉದ್ಯೋಗ: ವಕೀಲ, ಸಾಕಿನ್ ಅಫಜಲಪುರ. ಅವನನ್ನು ಕೇಳದೆಯೇ ಅವನ ಕೈ ಅದನ್ನು ಬರೆದಿತ್ತು. ಕೆಳಗೆ ಸನದಿಲ್ಲ ಎನ್ನುತ್ತಾನೆ, ಮೇಲೆ ವಕೀಲ ಎನ್ನುತ್ತಾನೆ, ಎರಡನ್ನೂ ಆಣೆ ಮಾಡಿ ಹೇಳುತ್ತಾನೆ, ಎರಡಕ್ಕೂ ಸೇರಿ ಒಂದೇ ಸೀಲು. ಹೈಕೋರ್ಟಿಗೆ ಸುಳ್ಳು ಪ್ರಮಾಣ. ವೃತ್ತಿ ನೀತಿಯಲ್ಲಿ ಅವನನ್ನು ನಪಾಸು ಮಾಡಿದ ಪುಣ್ಯಾತ್ಮ ಎಲ್ಲಿದ್ದಾನೋ, ಇದನ್ನು ನೋಡಿದ್ದರೆ ಎರಡನೇ ಸಲ ಪತ್ರಿಕೆ ತೆರೆಯುವ ಕಷ್ಟವನ್ನೂ ತೆಗೆದುಕೊಳ್ಳುತ್ತಿರಲಿಲ್ಲ. ಅಮರನಾಥನಿಗೆ ನಗು ಬಂತು. ಈಗ ಒಳಗೆ ಹೋಗಬೇಕು. ತಿದ್ದಿದ ಜಾಗಕ್ಕೆ ನೋಟರಿಯ ಸಹಿ ಬೇಕು, ಏನು ತಿದ್ದಿದೆ, ಯಾಕೆ ತಿದ್ದಿದೆ ಎಂದು ಬಾಯಿಬಿಟ್ಟು ಹೇಳಬೇಕು. ಭುವನೇಶ್ವರಿಯ ಬಸ್ಸಿಗೆ ಹೊತ್ತಾಗುತ್ತಿತ್ತು. ಒಳಗೆ ಹೋಗಿ ಕಾಗದವನ್ನು ಮೇಜಿನ ಮೇಲಿಟ್ಟ.

"ಸಾಹೇಬ್ರ, ಇದನ್ನೊಮ್ಮೆ ಓದ್ರಿ" ಎಂದ.

ಶರಫುದ್ದೀನರು ಕಾಗದವನ್ನು ಮುಟ್ಟಲಿಲ್ಲ. ಎಲೆಯಡಿಕೆಯ ಡಬ್ಬಿ ಮುಚ್ಚಿದರು.

"ಓದೂದೇನದ ಬೇಟಾ. ರಿಜಲ್ಟ್ ಬಂದ ಮರುದಿನಾನ ನಿಮ್ಮಪ್ಪ ಬಂದು ಹೇಳ್ಯಾನ. ನಂಬರ್ ತಗೊಂಡು ತಾನ ಹೋಗಿ ಕಂಪ್ಯೂಟರಿನ್ಯಾಗ ನೋಡಿಸಿದ್ದನಂತ. ಹುಡುಗಗ ನಮಗ ಗೊತ್ತದ ಅಂತ ಹೇಳಬ್ಯಾಡ್ರಿ, ಮಂದಿ ಮುಂದ ತೊಡಿಸಿದ ಕೋಟು, ತೆಗಿ ಅನ್ನಾಕ ನನ್ನ ಬಾಯಿಗಿ ಬರವಲ್ದು ಅಂತ ಇಲ್ಲೇ ಕುಂತು ಅತ್ತ."

ಅಮರನಾಥ ಕುರ್ಚಿಯ ಬೆನ್ನು ಹಿಡಿದುಕೊಂಡ. ಅವ್ವನಿಗೂ ಗೊತ್ತೇನು ಎಂದು ಕೇಳಲು ಹೋದ, ತಂತಿಯ ಮೇಲಿನ ಕೋಟು ನೆನಪಾಗಿ ಕೇಳಲಿಲ್ಲ. ಇನ್ಯಾರಿಗೆ ಗೊತ್ತು ಎಂದ.

"ಊರಿಗೆಲ್ಲ ಗೊತ್ತದ. ನೀ ಊರಿಗಿ ಸುಳ್ಳ ಹೇಳಾಕತ್ತೇನಿ ಅಂತ ತಿಳ್ಕೊಂಡಿದ್ದಿ. ಊರು ನಿನಗ ಹೇಳಾಕತ್ತಿತ್ತು."

ತೊಗರಿಯ ದರ, ತಾವಾಗಿಯೇ ಬಂದ ಚಹಾಗಳು, ಪಕ್ಕದ ಕೋಣೆಗೆ ಹೋದ ಕೇಸುಗಳು, ಚಾಂದಪಾಶಾ ಎಳೆಯುತ್ತಿದ್ದ ಆ ವಕೀಲ್ರ, ಒಂದೊಂದೇ ಅವನ ಮೇಲೆ ಬಂದು ಬಿದ್ದವು. ಅವನು ಅಡಗಿಕೊಂಡಿದ್ದ ಜಾಗಕ್ಕೆ ಗೋಡೆಗಳೇ ಇರಲಿಲ್ಲ. ದಾಟಿ ಹೋಗುವವರೆಲ್ಲ ಮುಖ ಆಚೆ ತಿರುಗಿಸಿ ಹೋಗುತ್ತಿದ್ದರು, ಅಷ್ಟೇ. ಇದಕ್ಕಾಗಿ ಅವನು ಹೈಕೋರ್ಟಿನಲ್ಲಿ ತಲೆ ಅಲ್ಲಾಡಿಸಿದ್ದ. ಅಳು ಬರುವ ಹಾಗಾಯಿತು, ಯಾರ ಸಲುವಾಗಿ ಎಂದು ಮಾತ್ರ ಗೊತ್ತಾಗಲಿಲ್ಲ. ಶರಫುದ್ದೀನರು ಈಗ ಕನ್ನಡಕ ಹಾಕದೆ ಪೆನ್ನು ತೆಗೆದುಕೊಂಡು ವಕೀಲ ಎಂಬುದರ ಮೇಲೆ ಗೆರೆ ಎಳೆದು, ಇಲ್ಲಿ ಏನ್ ಬರೀಲಿ ಎಂದರು. ವಿದ್ಯಾರ್ಥಿ ಅಂತ ಬರೀರಿ ಎಂದ. ಅವರು ಬರೆದರು, ಪಕ್ಕದಲ್ಲಿ ಸಣ್ಣ ಸಹಿ ಹಾಕಿದರು. ಆಮೇಲೆ ಏನನಿಸಿತೋ, ಜೇಬಿನಿಂದ ಕನ್ನಡಕ ತೆಗೆದು ಮೂಗಿಗೇರಿಸಿ, ಪ್ರಮಾಣ ಪತ್ರವನ್ನು ಮೊದಲಿನಿಂದ ಕೊನೆಯ ತನಕ, ವಾದ ಮಾಡುವಾಗಿನ ತಮ್ಮ ದೊಡ್ಡ ದನಿಯಲ್ಲಿ ಓದತೊಡಗಿದರು. ನಪಾಸೆಂದು ಘೋಷಿತನಾಗಿದ್ದೇನೆ ಎಂಬುದು ಕಿಟಕಿಯಿಂದ ಪಡಸಾಲೆಗೆ, ಪಡಸಾಲೆಯಿಂದ ಬೇವಿನ ಮರದ ಕೆಳಗೆ ಹೋಯಿತು. ಅಮರನಾಥ ಹೊರಗೆ ನೋಡಿದ. ರೈತರು ಬೀಡಿ ಹಚ್ಚುತ್ತಿದ್ದರು. ಚಾಂದಪಾಶಾ ತಲೆ ಬಗ್ಗಿಸಿ, ಬರೆಯುವುದು ಏನೂ ಇಲ್ಲದ ಹಾಳೆಯ ಮೇಲೆ ಬಹಳ ಆಸ್ಥೆಯಿಂದ ಪೆನ್ನು ಆಡಿಸುತ್ತಿದ್ದ. ಒಬ್ಬರೂ ಈ ಕಡೆ ತಿರುಗಲಿಲ್ಲ. ಎರಡು ವರ್ಷದಿಂದ ರೂಢಿ ಮಾಡಿಕೊಂಡ ಕೆಲಸ, ಎಲ್ಲರೂ ಚೆನ್ನಾಗಿ ಮಾಡುತ್ತಿದ್ದರು.